ಕೋರ್ಟಿನಿಂದ ರಾಜಭವನಕ್ಕೆ: ನಡುವೆ ಎರಡು ವರ್ಷ ಕಾಯಬೇಕಾ?

ಪ್ರಶ್ನೆ ಇಷ್ಟೇ. ಸುಪ್ರೀಂ ಕೋರ್ಟ್ ಮತ್ತು ಹೈಕೋರ್ಟ್ ನ್ಯಾಯಮೂರ್ತಿಗಳು ಕುರ್ಚಿ ಬಿಟ್ಟ ಮೇಲೆ ಎರಡು ವರ್ಷ ಸರ್ಕಾರ ಕೊಡುವ ಯಾವ ಹುದ್ದೆಯನ್ನೂ ಒಪ್ಪಿಕೊಳ್ಳಬಾರದು, ಚುನಾವಣೆಗೂ ನಿಲ್ಲಬಾರದು ಎಂದು ಕಾನೂನು ಬರಬೇಕೇ? ಒಬ್ಬರು ವಕೀಲರು, ಒಬ್ಬರು ಹಳೆಯ ವರದಿಗಾರರು ಇಲ್ಲಿ ವಾದಿಸಿದ್ದಾರೆ.

ಪರ: ಎರಡು ವರ್ಷ ಕಾದರೆ ಯಾರ ಗಂಟೂ ಹೋಗುವುದಿಲ್ಲ

ಕೆಲವು ವರ್ಷಗಳ ಹಿಂದಿನ ಮಾತು. ತುಮಕೂರು ಕಡೆಯ ರೈತರೊಬ್ಬರ ಜಮೀನಿನ ಕೇಸು ಹೈಕೋರ್ಟಿನಲ್ಲಿ ನಡೆಸುತ್ತಿದ್ದೆ. ರಸ್ತೆಗೆ ಹೋದ ಮೂರು ಎಕರೆ ಚಿಲ್ಲರೆ ಜಾಗ, ಎದುರು ಪಕ್ಷ ಸರ್ಕಾರ. ಊಟದ ಬಿಡುವಿನಲ್ಲಿ ಟೀ ಕುಡಿಯುತ್ತಾ ನಿಂತಿದ್ದಾಗ ಅವರು ಕೇಳಿದರು, "ಸಾರ್, ನಮ್ ಜಡ್ಜ್ ಸಾಹೇಬ್ರು ರಿಟೈರ್ ಆಗೋದು ಯಾವಾಗ?"

"ಯಾಕೆ ಯಜಮಾನ್ರೇ?" ಅಂದೆ.

"ಸುಮ್ನೆ ಕೇಳ್ದೆ. ರಿಟೈರ್ ಆಗೋ ಹೊತ್ನಾಗೆ ಸರ್ಕಾರದ ವಿರುದ್ಧ ಯಾರು ಬರೀತಾರೆ ಸಾರ್?"

ಎರಡು ವಾರ ಕಳೆದ ಮೇಲೆ ಆ ನ್ಯಾಯಮೂರ್ತಿಗಳು ರೈತರ ಪರವಾಗಿಯೇ ಆದೇಶ ಕೊಟ್ಟರು. ಯಜಮಾನರ ಲೆಕ್ಕ ತಪ್ಪಾಗಿತ್ತು. ಆದರೂ ಆ ಪ್ರಶ್ನೆ ಈಗಲೂ ನನ್ನ ಜೇಬಿನಲ್ಲೇ ಇದೆ. ತನ್ನ ಕೇಸಿನ ಕಾಗದಕ್ಕಿಂತ ಜಡ್ಜ್ ನಿವೃತ್ತಿಯ ತಾರೀಕು ಮುಖ್ಯ ಎಂದು ಒಬ್ಬ ಕಕ್ಷಿದಾರನಿಗೆ ಅನ್ನಿಸಿತಲ್ಲ, ಅದು ಅವನ ತಪ್ಪಲ್ಲ.

ಅವನಿಗೆ ಹಾಗೆ ಅನ್ನಿಸಲು ಕಾರಣ ಬೇಕಾದಷ್ಟಿದೆ. ನಮ್ಮ ಮೂಡುಬಿದಿರೆ ಹತ್ತಿರದ ಬೆಳುವಾಯಿಯವರಾದ ನ್ಯಾಯಮೂರ್ತಿ ಅಬ್ದುಲ್ ನಜೀರ್ ಅವರನ್ನೇ ತೆಗೆದುಕೊಳ್ಳಿ. ನೋಟು ರದ್ದತಿ ಸರಿ ಎಂದು 4:1 ಬಹುಮತದ ತೀರ್ಪು ಕೊಟ್ಟ ಪೀಠಕ್ಕೆ ಅವರೇ ಹಿರಿಯರು. ತೀರ್ಪು ಬಂದದ್ದು 2023ರ ಜನವರಿ 2ಕ್ಕೆ. ಅವರು ನಿವೃತ್ತರಾದದ್ದು ಜನವರಿ 4ಕ್ಕೆ. ಆಂಧ್ರದ ರಾಜ್ಯಪಾಲರೆಂದು ಹೆಸರು ಬಂದದ್ದು ಫೆಬ್ರವರಿ 12ಕ್ಕೆ. ನಿವೃತ್ತಿಯಿಂದ ಲೆಕ್ಕ ಹಾಕಿದರೆ 39 ದಿನ. ಆ ತೀರ್ಪಿಗೂ ಈ ಹುದ್ದೆಗೂ ಸಂಬಂಧ ಇದೆ ಎಂದು ನಾನು ಹೇಳುತ್ತಿಲ್ಲ. ಹಾಗೆ ಹೇಳಲು ನನ್ನ ಬಳಿ ಏನೂ ಆಧಾರವಿಲ್ಲ. ಆದರೆ ಈ ಮೂರು ತಾರೀಕು ಒಟ್ಟಿಗೆ ಓದಿದ ಯಾರನ್ನಾದರೂ ಅನುಮಾನ ಪಡಬೇಡ ಎಂದು ಹೇಗೆ ತಡೆಯುವುದು?

ರಂಜನ್ ಗೊಗೊಯಿ ಅವರ ವಿಷಯ ಇನ್ನೂ ವಿಚಿತ್ರ. ನಿವೃತ್ತಿಯ ನಂತರದ ನೇಮಕಗಳು ನ್ಯಾಯಾಂಗದ ಸ್ವಾತಂತ್ರ್ಯಕ್ಕೆ ಕಲೆ ಎಂಬ ಅಭಿಪ್ರಾಯ ಇದೆಯಲ್ಲ ಎಂದು 2019ರ ಮಾರ್ಚ್‌ನಲ್ಲಿ ಹೇಳಿದ್ದು ಅವರದ್ದೇ ಪೀಠ. ಅದೇ ವರ್ಷ ನವೆಂಬರ್‌ನಲ್ಲಿ ಅಯೋಧ್ಯೆ ತೀರ್ಪು, ನಿವೃತ್ತಿ. 2020ರ ಮಾರ್ಚ್‌ನಲ್ಲಿ ರಾಜ್ಯಸಭೆಗೆ ನಾಮನಿರ್ದೇಶನ.

ಇದು ಒಂದೇ ಪಕ್ಷದ ಚಾಳಿ ಎಂದುಕೊಳ್ಳಬೇಡಿ. ಬಹರುಲ್ ಇಸ್ಲಾಂ ಕಾಂಗ್ರೆಸ್ಸಿನ ರಾಜ್ಯಸಭಾ ಸದಸ್ಯರಾಗಿದ್ದವರು, ಗುವಾಹಟಿ ಹೈಕೋರ್ಟಿಗೆ ಜಡ್ಜ್ ಆದರು, ಅಲ್ಲಿಂದ ನಿವೃತ್ತರಾದ ಮೇಲೆ ಸುಪ್ರೀಂ ಕೋರ್ಟಿಗೆ ಬಂದರು. ಬಿಹಾರದ ಕಾಂಗ್ರೆಸ್ ಮುಖ್ಯಮಂತ್ರಿ ಜಗನ್ನಾಥ ಮಿಶ್ರಾಗೆ ಸಹಕಾರಿ ಬ್ಯಾಂಕ್ ಹಗರಣದಲ್ಲಿ ಬಿಡುಗಡೆ ಕೊಟ್ಟ ಪೀಠದಲ್ಲಿ ಇದ್ದರು. ಆ ತೀರ್ಪಿನ ಬೆನ್ನಿಗೇ, 1983ರ ಜನವರಿಯಲ್ಲಿ, ರಾಜೀನಾಮೆ ಕೊಟ್ಟು ಕಾಂಗ್ರೆಸ್ ಟಿಕೆಟ್ ತೆಗೆದುಕೊಂಡರು. 2012ರಲ್ಲಿ ವಿರೋಧ ಪಕ್ಷದಲ್ಲಿದ್ದ ಅರುಣ್ ಜೇಟ್ಲಿ, ನಿವೃತ್ತಿಗೆ ಮುಂಚಿನ ತೀರ್ಪುಗಳ ಮೇಲೆ ನಿವೃತ್ತಿಯ ನಂತರದ ಕೆಲಸದ ಆಸೆ ಪ್ರಭಾವ ಬೀರುತ್ತದೆ ಎಂದು ನೇರವಾಗಿ ಹೇಳಿದ್ದರು. ಆಗಿನ ಬಿಜೆಪಿ ಅಧ್ಯಕ್ಷ ನಿತಿನ್ ಗಡ್ಕರಿ ಎರಡು ವರ್ಷದ ಗ್ಯಾಪ್ ಕೇಳಿದ್ದರು. ಅವರ ಪಕ್ಷ ಅಧಿಕಾರಕ್ಕೆ ಬಂತು. ಗ್ಯಾಪ್ ಬರಲಿಲ್ಲ.

ಸಂವಿಧಾನ ಸಭೆಯಲ್ಲೇ ಇದರ ಚರ್ಚೆ ಆಗಿತ್ತು. ನ್ಯಾಯಮೂರ್ತಿಗಳಿಗೆ ಸರ್ಕಾರದ ಹುದ್ದೆ ಬೇಡ ಎಂದು ಕೆ.ಟಿ. ಶಾ 1949ರಲ್ಲಿ ತಿದ್ದುಪಡಿ ತಂದರು. ಕೋರ್ಟಿಗೆ ಬರುವ ವ್ಯಾಜ್ಯಗಳಲ್ಲಿ ಸರ್ಕಾರಕ್ಕೆ ಆಸಕ್ತಿ ಇರುವುದು ಅಪರೂಪ, ಆದ್ದರಿಂದ ಪ್ರಭಾವದ ಭಯ ಕಡಿಮೆ ಎಂಬುದು ಅಂಬೇಡ್ಕರ್ ಕೊಟ್ಟ ಉತ್ತರ. ಆ ಕಾಲಕ್ಕೆ ಅದು ಸರಿಯೇ ಇದ್ದೀತು. ಇವತ್ತು ಯಾವುದೇ ಹೈಕೋರ್ಟಿನ ಕಾಸ್‌ಲಿಸ್ಟ್, ಅಂದರೆ ಆ ದಿನದ ಕೇಸುಗಳ ಪಟ್ಟಿ, ತೆಗೆದು ನೋಡಿ. ಪುಟ ತಿರುಗಿಸಿದಲ್ಲೆಲ್ಲ ಒಂದು ಕಡೆ ಸರ್ಕಾರ, ಇಲ್ಲವೇ ನಿಗಮ, ಇಲ್ಲವೇ ಪಾಲಿಕೆ.

ಸರ್ಕಾರದ ಲೆಕ್ಕ ತಪಾಸಣೆ ಮಾಡುವ ಮಹಾಲೇಖಪಾಲರು (ಸಿಎಜಿ) ಕುರ್ಚಿ ಬಿಟ್ಟ ಮೇಲೆ ಸರ್ಕಾರದ ಬೇರೆ ಯಾವ ಹುದ್ದೆಗೂ ಹೋಗುವಂತಿಲ್ಲ ಎಂದು ಅದೇ ಸಂವಿಧಾನ ಹೇಳುತ್ತದೆ. ಯುಪಿಎಸ್‌ಸಿ ಅಧ್ಯಕ್ಷರಿಗೂ ಅದೇ ನಿಯಮ. ಐಎಎಸ್ ಅಧಿಕಾರಿ ನಿವೃತ್ತಿಯ ನಂತರ ಒಂದು ವರ್ಷದೊಳಗೆ ಖಾಸಗಿ ಕಂಪನಿ ಸೇರಲು ಅನುಮತಿ ಕೇಳಬೇಕು. ಎಲ್ಲರಿಗಿಂತ ಜಾಸ್ತಿ ನಂಬಿಕೆ ಬೇಕಿರುವವರಿಗೆ ಮಾತ್ರ ಏನೂ ಇಲ್ಲ. 2023ರಲ್ಲಿ ಬಾಂಬೆ ಲಾಯರ್ಸ್ ಅಸೋಸಿಯೇಷನ್ ಇದೇ ಎರಡು ವರ್ಷದ ಬೇಡಿಕೆ ಹಿಡಿದು ಸುಪ್ರೀಂ ಕೋರ್ಟಿಗೆ ಹೋಯಿತು. ಹುದ್ದೆ ಒಪ್ಪುವುದು ಬಿಡುವುದು ಆಯಾ ನ್ಯಾಯಮೂರ್ತಿಯ ವಿವೇಕಕ್ಕೆ ಬಿಟ್ಟದ್ದು ಎಂದು ಅರ್ಜಿ ವಜಾ ಆಯಿತು. ವಿವೇಕ ಇದ್ದವರು ಇದ್ದಾರೆ. ಚೆಲಮೇಶ್ವರ್, ಕುರಿಯನ್ ಜೋಸೆಫ್ ಅಂಥವರು ಯಾವ ಹುದ್ದೆಯೂ ಬೇಡ ಎಂದು ಮೊದಲೇ ಹೇಳಿಬಿಟ್ಟರು. ಆದರೆ ನನ್ನ ಯಜಮಾನರು ಯಾವ ಜಡ್ಜ್ ಏನು ಹೇಳಿದ್ದಾರೆ ಎಂದು ಪಟ್ಟಿ ಇಟ್ಟುಕೊಂಡು ಕೋರ್ಟಿಗೆ ಬರಬೇಕಾ?

ವಿರೋಧ: ಲೋಕಾಯುಕ್ತಕ್ಕೆ ಎರಡು ವರ್ಷ ಜಾಸ್ತಿ, ರಾಜಭವನಕ್ಕೆ ಎರಡು ವರ್ಷ ಕಮ್ಮಿ

ತುಮಕೂರಿನ ಯಜಮಾನರ ಅನುಮಾನ ನನಗೂ ಅರ್ಥವಾಗುತ್ತದೆ. ಆದರೆ ಎರಡು ವರ್ಷದ ಕಾನೂನು ಬಂದರೆ ಅದು ಹೋಗುತ್ತದೆ ಎಂಬುದನ್ನು ನಾನು ಒಪ್ಪುವುದಿಲ್ಲ. ಒಂದು ಅಪ್ಪ-ಮಗನ ಕಥೆ ಹೇಳುತ್ತೇನೆ.

ಅಪ್ಪ ಕೆ.ಎಸ್. ಹೆಗ್ಡೆ, ಕಾರ್ಕಳದ ಕಡೆಯವರು. ಕಾಂಗ್ರೆಸ್ಸಿನಿಂದ ರಾಜ್ಯಸಭೆಯಲ್ಲಿದ್ದವರು, ಆಮೇಲೆ ಮೈಸೂರು ಹೈಕೋರ್ಟಿನ ಜಡ್ಜ್ ಆದರು, ಸುಪ್ರೀಂ ಕೋರ್ಟಿಗೂ ಹೋದರು. ಪರವಾಗಿ ಬರೆದವರ ತಕ್ಕಡಿಯಲ್ಲಿ ತೂಗಿದರೆ ಇವರು ಕಾಂಗ್ರೆಸ್ ಸರ್ಕಾರದ ಮನುಷ್ಯ ಆಗಿರಬೇಕಿತ್ತು, ಅಲ್ವಾ? 1973ರ ಏಪ್ರಿಲ್ 24ರಂದು ಕಾಸರಗೋಡಿನ ಎಡನೀರು ಮಠದ ಕೇಶವಾನಂದ ಭಾರತಿ ಸ್ವಾಮಿಗಳ ಕೇಸಿನಲ್ಲಿ ಅವರು ಸಂವಿಧಾನದ ಮೂಲ ರಚನೆಯನ್ನು ಸಂಸತ್ತು ಬದಲಿಸುವಂತಿಲ್ಲ ಎಂದು ಸರ್ಕಾರದ ಕೈ ಕಟ್ಟಿಹಾಕಿದ ಬಹುಮತದಲ್ಲಿ ನಿಂತರು. ಮರುದಿನವೇ ಹಿರಿಯ ನ್ಯಾಯಮೂರ್ತಿಗಳಾದ ಶೇಲತ್, ಹೆಗ್ಡೆ, ಗ್ರೋವರ್ ಮೂವರನ್ನೂ ದಾಟಿಸಿ ಎ.ಎನ್. ರೇ ಅವರನ್ನು ಮುಖ್ಯ ನ್ಯಾಯಮೂರ್ತಿ ಮಾಡಿದರು. ಮೂವರೂ ರಾಜೀನಾಮೆ ಬಿಸಾಡಿ ಬಂದರು. 1977ರಲ್ಲಿ ಹೆಗ್ಡೆ ಬೆಂಗಳೂರು ದಕ್ಷಿಣದಿಂದ ಜನತಾ ಪಕ್ಷದಲ್ಲಿ ಗೆದ್ದು ಲೋಕಸಭೆಯ ಸ್ಪೀಕರ್ ಆದರು. ಸರ್ಕಾರ ಆವತ್ತು ಜಡ್ಜ್‌ಗಳ ಮೇಲೆ ಒತ್ತಡ ತಂದದ್ದು ನಿವೃತ್ತಿಯ ಆಸೆ ತೋರಿಸಿ ಅಲ್ಲ, ಬಡ್ತಿ ತಪ್ಪಿಸಿ. ಎರಡು ವರ್ಷದ ನಿಯಮ ಅದನ್ನು ಮುಟ್ಟುವುದೇ ಇಲ್ಲ.

ಮಗ ಸಂತೋಷ್ ಹೆಗ್ಡೆ. 2005ರ ಜೂನ್‌ನಲ್ಲಿ ಸುಪ್ರೀಂ ಕೋರ್ಟಿನಿಂದ ನಿವೃತ್ತರಾದರು, 2006ರ ಆಗಸ್ಟ್‌ನಲ್ಲಿ ನಮ್ಮ ಲೋಕಾಯುಕ್ತರಾದರು. ನಡುವೆ ಹದಿನಾಲ್ಕು ತಿಂಗಳು. ಈ ಕಾನೂನು ಆಗ ಇದ್ದಿದ್ದರೆ ಅವರಿಗೆ ಬಾಗಿಲು ಮುಚ್ಚಿತ್ತು.

ಆ ಲೋಕಾಯುಕ್ತ ಕಚೇರಿಯ ಮೆಟ್ಟಿಲಲ್ಲಿ ನಾನು ವರದಿಗಾರನಾಗಿ ಎಷ್ಟು ಮಧ್ಯಾಹ್ನ ಕೂತಿದ್ದೇನೋ ಲೆಕ್ಕವಿಲ್ಲ. ಅಂಬೇಡ್ಕರ್ ವೀಧಿಯ ಎಂ.ಎಸ್. ಬಿಲ್ಡಿಂಗ್. ಪ್ಲಾಸ್ಟಿಕ್ ಕವರಿನಲ್ಲಿ ಕಾಗದ ಸುತ್ತಿಕೊಂಡು ದೂರದ ಊರುಗಳಿಂದ ಬೆಳಗಿನ ಬಸ್ಸಿಗೆ ಬಂದಿಳಿದವರು ಅಲ್ಲಿ ಫಾರಂ 1, ಫಾರಂ 2 ತುಂಬಿ, ನೋಟರಿ ಸೀಲ್ ಹಾಕಿಸಿ ಕಾಯುತ್ತಿದ್ದರು. ಖಾತೆ ಮಾಡಿಕೊಡದ ಗ್ರಾಮಲೆಕ್ಕಿಗ, ಬಿಲ್ ಪಾಸು ಮಾಡದ ಇಂಜಿನಿಯರು, ಅಂಥವೇ ದೂರುಗಳು. ಒಳಗೆ ಕೂತವರು ಜಡ್ಜ್ ಆಗಿದ್ದವರು ಎಂಬ ಒಂದೇ ಧೈರ್ಯ ಅವರನ್ನು ಅಲ್ಲಿವರೆಗೆ ತಂದಿರುತ್ತಿತ್ತು. ನಿವೃತ್ತ ಐಎಎಸ್ ಅಧಿಕಾರಿ ಕೂತಿದ್ದರೆ ಆ ಬಸ್ ಹತ್ತುತ್ತಿದ್ದರಾ? ನನಗಂತೂ ನಂಬಿಕೆ ಇಲ್ಲ.

ಹೆಗ್ಡೆ ಅವರನ್ನು ನೇಮಿಸಿದ 2006ರ ಸರ್ಕಾರದಲ್ಲಿ ಉಪಮುಖ್ಯಮಂತ್ರಿ ಆಗಿದ್ದವರು ಯಡಿಯೂರಪ್ಪ. 2011ರ ಜುಲೈನಲ್ಲಿ ಅಕ್ರಮ ಗಣಿಗಾರಿಕೆಯ ವರದಿ ಬಂತು. ಖಜಾನೆಗೆ 16,085 ಕೋಟಿ ರೂಪಾಯಿ ನಷ್ಟ ಎಂದಿತು. ಮುಖ್ಯಮಂತ್ರಿ ಯಡಿಯೂರಪ್ಪ ಕುರ್ಚಿ ಬಿಟ್ಟರು. ಮುಂದೆ 2016ರಲ್ಲಿ ಸಿಬಿಐ ವಿಶೇಷ ಕೋರ್ಟ್ ಅವರನ್ನು ಖುಲಾಸೆ ಮಾಡಿತು, ಅದು ಬೇರೆ ಮಾತು. ಹುದ್ದೆ ಕೊಟ್ಟವರ ಋಣದಲ್ಲೇ ಎಲ್ಲ ಜಡ್ಜ್‌ಗಳೂ ಇರುತ್ತಾರೆ ಎನ್ನುವವರು ಆ ವರದಿಯನ್ನು ಒಮ್ಮೆ ನೆನಪಿಸಿಕೊಳ್ಳಲಿ.

ಇನ್ನು, ಕಾದರೆ ಅನುಮಾನ ತೊಳೆದುಹೋಗುತ್ತದಾ? ರಂಗನಾಥ ಮಿಶ್ರಾ 1984ರ ದೆಹಲಿ ಗಲಭೆಯ ತನಿಖೆ ನಡೆಸಿದವರು. 1991ರಲ್ಲಿ ಮುಖ್ಯ ನ್ಯಾಯಮೂರ್ತಿಯಾಗಿ ನಿವೃತ್ತರಾದರು. ಕಾಂಗ್ರೆಸ್ಸಿನಿಂದ ರಾಜ್ಯಸಭೆಗೆ ಹೋದದ್ದು 1998ರಲ್ಲಿ. ಎರಡಲ್ಲ, ಆರು ವರ್ಷದ ಮೇಲಾಗಿತ್ತು. ಆದರೂ ಜನ ಆ ತನಿಖೆಯನ್ನೂ ಈ ರಾಜ್ಯಸಭೆಯನ್ನೂ ಸೇರಿಸಿ ಮಾತಾಡುವುದು ಇವತ್ತಿಗೂ ನಿಂತಿಲ್ಲ.

ಹಣದ ಮಾತೂ ಇದೆ, ಅದನ್ನು ಯಾರೂ ಎತ್ತುವುದಿಲ್ಲ. ಸುಪ್ರೀಂ ಕೋರ್ಟಿನ ಜಡ್ಜ್ 65ಕ್ಕೆ ನಿವೃತ್ತರಾದ ಮೇಲೆ ದೇಶದ ಯಾವ ಕೋರ್ಟಿನಲ್ಲೂ ವಕಾಲತ್ತು ಹಾಕುವಂತಿಲ್ಲ. ಸರ್ಕಾರದ ಬಾಗಿಲನ್ನೂ ಎರಡು ವರ್ಷ ಮುಚ್ಚಿದರೆ ತೆರೆದಿರುವುದು ಆರ್ಬಿಟ್ರೇಷನ್, ಅಂದರೆ ಕೋರ್ಟಿನ ಹೊರಗೆ ವ್ಯಾಜ್ಯ ತೀರಿಸುವ ಕೆಲಸ, ಒಂದೇ. ಅಲ್ಲಿ ಫೀಸು ಕೊಡುವುದು ದೊಡ್ಡ ದೊಡ್ಡ ಕಂಪನಿಗಳು, ಕೂತು ಮಾತಾಡುವುದು ಏಸಿ ರೂಮಿನಲ್ಲಿ. ನಿವೃತ್ತಿಗೆ ಮುಂಚೆ ಅದೇ ಕಂಪನಿಯ ಕೇಸು ಯಾರ ಮುಂದಿತ್ತು ಎಂದು ಕೇಳುವ ಯಜಮಾನರು ಅಲ್ಲಿ ಇರುವುದೇ ಇಲ್ಲ.

ಹಾಗಂತ ಈಗಿರುವುದೇ ಚೆನ್ನಾಗಿದೆ ಎಂದು ನಾನು ವಾದಿಸುತ್ತಿಲ್ಲ. ಲೋಕಾಯುಕ್ತ, ಮಾನವ ಹಕ್ಕುಗಳ ಆಯೋಗ, ಟ್ರಿಬ್ಯೂನಲ್ ಇವು ಕೆಲಸದ ಕುರ್ಚಿಗಳು. ಅಲ್ಲಿಗೆ ಜಡ್ಜ್ ಬೇಕು, ಬೇಗ ಬೇಕು. ಅಲ್ಲಿ ತಿದ್ದಬೇಕಾದದ್ದು ಆಯ್ಕೆ ಮಾಡುವ ಕೈಯನ್ನು. ಕಡತ ಸರ್ಕಾರದ ಮೇಜಿನ ಮೇಲೆ ತಿಂಗಳುಗಟ್ಟಲೆ ಮಲಗದಂತೆ ನೋಡಿಕೊಂಡರೆ ಸಾಕು. ರಾಜಭವನ ಮತ್ತು ರಾಜ್ಯಸಭೆಯ ನಾಮನಿರ್ದೇಶನ ಹಾಗಲ್ಲ. ಅಲ್ಲಿ ಜಡ್ಜ್ ಇಲ್ಲದಿದ್ದರೆ ಯಾವ ಕೆಲಸವೂ ನಿಲ್ಲುವುದಿಲ್ಲ. ಅದು ಬರೀ ಉಡುಗೊರೆ. ಅದಕ್ಕೆ ಶಾಶ್ವತವಾಗಿಯೇ ಬೇಡ ಅನ್ನಿ, ನಾನೂ ಸಹಿ ಹಾಕುತ್ತೇನೆ. ಎರಡನ್ನೂ ಒಂದೇ ಚೀಲಕ್ಕೆ ತುಂಬಿ ಮೇಲೆ ಎರಡು ವರ್ಷ ಎಂದು ಬರೆಯುವುದು ಸೋಮಾರಿತನ.

ಚುನಾವಣೆಗೆ ನಿಲ್ಲುವವರ ವಿಷಯದಲ್ಲಂತೂ ಈ ಲೆಕ್ಕ ನಗೆ ತರಿಸುತ್ತದೆ. ಕಲ್ಕತ್ತಾ ಹೈಕೋರ್ಟಿನ ಅಭಿಜಿತ್ ಗಂಗೋಪಾಧ್ಯಾಯ 2024ರ ಮಾರ್ಚ್ 5ಕ್ಕೆ ರಾಜೀನಾಮೆ ಕೊಟ್ಟರು, 7ಕ್ಕೆ ಬಿಜೆಪಿ ಸೇರಿದರು, ತಮ್ಲುಕ್‌ನಲ್ಲಿ ಗೆದ್ದು ಲೋಕಸಭೆಗೆ ಹೋದರು. ಕಾನೂನು ಇದ್ದಿದ್ದರೆ ಅವರು ಕಾಯಬೇಕಿದ್ದದ್ದು 2026ರ ಮಾರ್ಚ್‌ವರೆಗೆ. 2021ರಲ್ಲಿ ಆಯ್ಕೆಯಾದ ಬಂಗಾಳ ವಿಧಾನಸಭೆಯ ಐದು ವರ್ಷದ ಕೊನೆ ಅದೇ 2026ರ ಮೇ. ಅಂದರೆ ಅಲ್ಲಿಯ ಚುನಾವಣೆಯ ಹೊತ್ತಿಗೆ ಸರಿಯಾಗಿ ಅವರಿಗೆ ಬಾಗಿಲು ತೆರೆದಿರುತ್ತಿತ್ತು.