ಹೆಸರು ಓದುವ ಕೆಟ್ಟ ಚಾಳಿ

ಸಿನಿಮಾ ಮುಗಿದ ಮೇಲೆ ಅದಕ್ಕಾಗಿ ದುಡಿದವರ ಹೆಸರುಗಳನ್ನು ಓದುವ ಕೆಟ್ಟ ಚಾಳಿಯಿಂದ ಜನರನ್ನು ಬಿಡಿಸಲು ಒಟಿಟಿ ಕಂಪನಿಗಳು ಪಡುತ್ತಿರುವ ಶ್ರಮ ಮೆಚ್ಚತಕ್ಕದ್ದು. ನಿರ್ದೇಶಕರ ಹೆಸರು ಸರಿಯುವಷ್ಟರಲ್ಲಿ ಚಿತ್ರವು ಅಂಚೆಚೀಟಿಯಷ್ಟಾಗಿ ಮೂಲೆ ಸೇರುತ್ತದೆ. ಉಳಿದ ಜಾಗದಲ್ಲಿ ಮುಂದಿನ ಚಿತ್ರದ ನಾಯಕ ಮಚ್ಚು ಹಿಡಿದು ನಿಂತಿರುತ್ತಾನೆ. ಚಿತ್ರಮಂದಿರದವರು ಇದರಲ್ಲಿ ಮೊದಲಿನಿಂದಲೂ ನಿಪುಣರು: ದೀಪ ಹಾಕಿ, ಬಾಗಿಲು ತೆರೆದು, ಪೊರಕೆಯವರನ್ನು ಒಳಗೆ ಬಿಡುತ್ತಾರೆ. 2022ರಲ್ಲಿ ಆಸ್ಕರ್‌ನವರು ಎಂಟು ವಿಭಾಗಗಳ ಪ್ರಶಸ್ತಿಗಳನ್ನು ನೇರಪ್ರಸಾರಕ್ಕೆ ಮೊದಲೇ ಕೊಟ್ಟು ಮುಗಿಸಿದರು. ಪ್ರೊಡಕ್ಷನ್ ಡಿಸೈನ್, ಅಂದರೆ ಚಿತ್ರದ ಸೆಟ್‌ಗಳನ್ನು ರೂಪಿಸುವ ಕಲಾ ನಿರ್ದೇಶನ, ಅದರಲ್ಲೊಂದು. ಹಾಗೆ ಉಳಿಸಿದ ಸಮಯದಲ್ಲಿ ಜಗತ್ತು ಕಣ್ತುಂಬಿಕೊಂಡದ್ದು ನಟ ವಿಲ್ ಸ್ಮಿತ್ ವೇದಿಕೆಯ ಮೇಲೆ ಹಾಸ್ಯನಟ ಕ್ರಿಸ್ ರಾಕ್‌ಗೆ ಮಾಡಿದ ಕಪಾಳಮೋಕ್ಷವನ್ನು.

ಕಲಾ ನಿರ್ದೇಶಕ ಬನ್ಸಿ ಚಂದ್ರಗುಪ್ತರ ಹೆಸರು ಕೇಳಿದ್ದೀರಾ? ಕೇಳಿರದಿದ್ದರೆ ವ್ಯವಸ್ಥೆ ಸರಿಯಾಗಿಯೇ ಕೆಲಸ ಮಾಡುತ್ತಿದೆ ಎಂದರ್ಥ. 1924ರಲ್ಲಿ ಸಿಯಾಲ್‌ಕೋಟ್‌ನಲ್ಲಿ ಹುಟ್ಟಿ, ಕಾಶ್ಮೀರದಲ್ಲಿ ಬೆಳೆದು, ಕಲ್ಕತ್ತೆಗೆ ಬಂದು, ಫ್ರೆಂಚ್ ನಿರ್ದೇಶಕ ಜಾನ್ ರೆನ್ವಾ ಅಲ್ಲಿ ಚಿತ್ರ ತೆಗೆಯುತ್ತಿದ್ದಾಗ ಅವರ ಕಲಾ ನಿರ್ದೇಶಕರ ಕೈಕೆಳಗೆ ಪಳಗಿದ ಈ ಮನುಷ್ಯ, ‘ಪಥೇರ್ ಪಾಂಚಾಲಿ’ಯಿಂದ ಮೊದಲ್ಗೊಂಡು ಸತ್ಯಜಿತ್ ರಾಯ್ ಅವರ ಎಷ್ಟೋ ಚಿತ್ರಗಳಿಗೆ ಗೋಡೆ, ಕಿಟಕಿ, ಅಂಗಳಗಳನ್ನು ಕಟ್ಟಿಕೊಟ್ಟರು. ‘ಅಪರಾಜಿತೋ’ದಲ್ಲಿ ಕಾಶಿಯ ಮನೆಯೊಂದರ ಅಂಗಳ ಬರುತ್ತದಲ್ಲ, ಅದು ಕಾಶಿಯದ್ದಲ್ಲ, ಕಲ್ಕತ್ತೆಯ ಸ್ಟುಡಿಯೋದ್ದು. ಮೇಲೆ ಬಿಳಿ ಬಟ್ಟೆ ಬಿಗಿದು, ದೀಪದ ಬೆಳಕನ್ನು ಅದಕ್ಕೆ ಹಾಯಿಸಿ, ಅಲ್ಲಿಂದ ಕೆಳಗಿಳಿದ ಮೆದು ಬೆಳಕನ್ನೇ ಆಕಾಶದ್ದೆಂದು ನಂಬಿಸಿದ ಛಾಯಾಗ್ರಾಹಕ ಸುಬ್ರತ ಮಿತ್ರರನ್ನು ಎಲ್ಲರೂ ಹೊಗಳುತ್ತಾರೆ, ಹೊಗಳಲೇಬೇಕು. ಆದರೆ ಆ ಬೆಳಕು ಬೀಳಲು ಒಂದು ಅಂಗಳ ಬೇಕಿತ್ತು ಎಂಬ ಸಣ್ಣ ವಿಷಯ ಯಾರಿಗೂ ಹೊಳೆಯುವುದಿಲ್ಲ. ‘ಜಲಸಾಘರ್’ನ ಅರಮನೆ ಬಂಗಾಳದ ನಿಮ್‌ತೀತಾದಲ್ಲಿ ನಿಜವಾಗಿಯೂ ಇದೆ, ಅದರ ಸಂಗೀತದ ಹಜಾರವನ್ನು ಅಲ್ಲಿ ಹುಡುಕುವವರು ಬರಿಗೈಲಿ ಮರಳಬೇಕಾದೀತು, ಏಕೆಂದರೆ ಅದನ್ನು ಬನ್ಸಿ ಸ್ಟುಡಿಯೋದಲ್ಲಿ ಕಟ್ಟಿದ್ದರು. ‘ಚಾರುಲತಾ’ ಕಿಟಕಿಯಿಂದ ಕಿಟಕಿಗೆ ಓಡಿ ಬೀದಿಯನ್ನು ಇಣುಕುವ ಆ ಮನೆಯೂ ಅಷ್ಟೆ.

ಇಂಥವರಿಗೆ ಸಿಗುವ ಅತ್ಯುನ್ನತ ಹೊಗಳಿಕೆ, ‘ಸೆಟ್ ಅಂತ ಗೊತ್ತೇ ಆಗಲಿಲ್ಲ’ ಎನ್ನುವುದು. ಗೊತ್ತೇ ಆಗದ ಮೇಲೆ ಹೆಸರೇಕೆ? ಈಗ ಕಾಲ ಬದಲಾಗಿದೆ ಎನ್ನುವವರು ಪತ್ರಿಕೆ ತೆರೆದು ನೋಡಬೇಕು. ಇಷ್ಟು ಕೋಟಿಯ ಸೆಟ್, ಇಷ್ಟು ಎಕರೆಯ ಸೆಟ್, ಅದರೊಳಗೆ ಕುಣಿಯಲಿರುವ ನಾಯಕ, ದುಡ್ಡು ಸುರಿದ ನಿರ್ಮಾಪಕ, ಎಲ್ಲವೂ ಇರುತ್ತವೆ. ಕಟ್ಟಿದವರು ಮಾತ್ರ ಇರುವುದಿಲ್ಲ. ಒಂದು ಸಾಲು, ಒಂದೇ ಒಂದು ಸಾಲು ಬರೆಯಲು ಏನು ಧಾಡಿ? ಇದನ್ನು ನಗುತ್ತ ಹೇಳಿ ಹೇಳಿ ಸಾಕಾಗಿದೆ.

ಸರ್ಕಾರವೂ ಅವಸರ ಮಾಡಲಿಲ್ಲ. ರಾಷ್ಟ್ರ ಪ್ರಶಸ್ತಿಯಲ್ಲಿ ಕಲಾ ನಿರ್ದೇಶನಕ್ಕೆ ಜಾಗ ಸಿಕ್ಕಿದ್ದು ಎಪ್ಪತ್ತರ ದಶಕದ ಕೊನೆಗೆ. ಫಿಲ್ಮ್‌ಫೇರ್‌ನವರು ಬನ್ಸಿಯವರಿಗೆ ಮೂರು ಬಾರಿ ಪ್ರಶಸ್ತಿ ಕೊಟ್ಟರು, ಮೂರೂ ಹಿಂದಿ ಚಿತ್ರಗಳಿಗೆ. ಮೂರನೆಯದನ್ನು ‘ಚಕ್ರ’ಕ್ಕೆಂದು 1982ರಲ್ಲಿ ಘೋಷಿಸಿದರು. ಅವರು 1981ರಲ್ಲೇ ಅಮೆರಿಕದಲ್ಲಿ ತೀರಿಕೊಂಡಿದ್ದರಿಂದ, ವೇದಿಕೆಯ ಮೇಲೆ ಕಲಾ ನಿರ್ದೇಶಕರೊಬ್ಬರ ಭಾಷಣ ಕೇಳಬೇಕಾದ ಕಾಟ ಯಾರಿಗೂ ಬರಲಿಲ್ಲ.