ಗಾಳಿಪಟ ನೋಡಿ, ಸೈಡ್ ಎಫೆಕ್ಟ್ ಮರೆತುಬಿಡಿ

ಡಾಕ್ಟರ ಚೀಟಿ ಇಲ್ಲದೆ ಸಿಗದ ಔಷಧಿಗೆ ಟಿವಿಯಲ್ಲಿ ಜಾಹೀರಾತು ಯಾಕೆ? ಹೆಚ್ಚಿನ ದೇಶಗಳು ಬೇಡವೇ ಬೇಡ ಎಂದಿವೆ. ಅಮೆರಿಕ ಮತ್ತು ನ್ಯೂಜಿಲೆಂಡ್ 'ಇರಲಿ ಬಿಡಿ' ಎಂದಿವೆ. 1997ರಲ್ಲಿ ಅಲ್ಲಿನ ಸರ್ಕಾರಿ ಔಷಧಿ ನಿಯಂತ್ರಣ ಸಂಸ್ಥೆ ಎಫ್‌ಡಿಎ ಹಿಡಿತ ಸಡಿಲಿಸಿದ ಮೇಲಂತೂ ಅಮೆರಿಕದ ಟಿವಿಯಲ್ಲಿ ರೋಗಿಗಳಷ್ಟು ಸುಖವಾಗಿ ಯಾರೂ ಬದುಕುತ್ತಿಲ್ಲ.

ಸಂಧಿವಾತದ ಅಜ್ಜಿ ಬೆಟ್ಟ ಹತ್ತುತ್ತಾರೆ. ಸಕ್ಕರೆ ಕಾಯಿಲೆಯವರು ಗುಂಪು ಕಟ್ಟಿಕೊಂಡು ಕುಣಿಯುತ್ತಾರೆ. ಹಿಂದೆ ಒಂದು ನಾಯಿ ಓಡುತ್ತಿರುತ್ತದೆ. ಅದಕ್ಕೆ ಯಾವ ಕಾಯಿಲೆಯೋ ಗೊತ್ತಿಲ್ಲ, ಖುಷಿ ಮಾತ್ರ ಜಾಸ್ತಿ.

ಅಷ್ಟರಲ್ಲಿ ಹಿನ್ನೆಲೆಯ ದನಿ ಲಾಲಿ ಹಾಡುವ ಧಾಟಿಯಲ್ಲಿ ಶುರುಮಾಡುತ್ತದೆ: ವಾಂತಿ, ತಲೆಸುತ್ತು, ಲಿವರ್‌ಗೆ ಪೆಟ್ಟು, ಅಪರೂಪಕ್ಕೆ ಸಾವು. 'ಸಾವು' ಎನ್ನುವ ಹೊತ್ತಿಗೆ ಸರಿಯಾಗಿ ಮೊಮ್ಮಗಳ ಗಾಳಿಪಟ ಮೇಲೇರುತ್ತದೆ. ಸೈಡ್ ಎಫೆಕ್ಟ್ ಹೇಳುವಾಗ ಗಮನ ತಪ್ಪಿಸುವ ದೃಶ್ಯ, ಸದ್ದು ಇರಬಾರದು ಎಂದು 2023ರಲ್ಲಿ ಎಫ್‌ಡಿಎ ನಿಯಮವನ್ನೇ ತರಬೇಕಾಯಿತು ಅಂದರೆ ಗಾಳಿಪಟ ಎಷ್ಟು ಎತ್ತರ ಹೋಗಿತ್ತು ನೋಡಿ.

'ಈ ಔಷಧಿ ಅಲರ್ಜಿ ಇದ್ದವರು ಈ ಔಷಧಿ ತೆಗೆದುಕೊಳ್ಳಬೇಡಿ' ಎಂಬ ಉಪದೇಶವೂ ಉಂಟು. ಅಲರ್ಜಿ ಇದೆ ಅಂತ ಗೊತ್ತಾಗುವುದೇ ನುಂಗಿದ ಮೇಲೆ ಅಲ್ವಾ? ರಾತ್ರಿ ಕಾಲು ಚಡಪಡಿಸುವವರಿಗೆ ಕೊಡುವ ಕೆಲವು ಮಾತ್ರೆಗಳಿಂದ ಜೂಜಿನ ಚಟ ಹತ್ತಬಹುದಂತೆ. ತಮಾಷೆಯಲ್ಲ, ಎಚ್ಚರಿಕೆಯಲ್ಲೇ ಬರೆದಿದೆ. ಕಾಲು ಸುಮ್ನಾಯಿತು, ಕೈ ಶುರುವಾಯಿತು.

ಇವೆಲ್ಲದರ ನಡುವೆ ನನ್ನ ಅಚ್ಚುಮೆಚ್ಚಿನದು ಕೊಲೆಸ್ಟರಾಲ್ ಮಾತ್ರೆ ಲಿಪಿಟರ್‌ನ ಜಾಹೀರಾತು. ಕೃತಕ ಹೃದಯದ ವಿನ್ಯಾಸದಿಂದ ಹೆಸರಾದ ರಾಬರ್ಟ್ ಜಾರ್ವಿಕ್ ಬಂದು ಮಾತ್ರೆಯನ್ನು ಹೊಗಳಿದರು. ವೈದ್ಯಕೀಯ ಪದವಿ ಇತ್ತು, ರೋಗಿಗಳನ್ನು ನೋಡುವ ಲೈಸೆನ್ಸ್ ಇರಲಿಲ್ಲ. ಹೋಗಲಿ, ಜಾಹೀರಾತಿನ ಸರೋವರದಲ್ಲಿ ದೋಣಿಗೆ ಹುಟ್ಟು ಹಾಕಿದ್ದಾದರೂ ಅವರೇನಾ? ಅಲ್ಲ, ಅದಕ್ಕೊಬ್ಬ ಡ್ಯೂಪ್! ಸಂಸತ್ತಿನ ಸಮಿತಿ ವಿಚಾರಣೆಗೆ ಇಳಿದ ಮೇಲೆ 2008ರಲ್ಲಿ ಮಾತ್ರೆ ತಯಾರಿಸುವ ಕಂಪನಿ ಫೈಜರ್ ಆ ಜಾಹೀರಾತನ್ನು ನಿಲ್ಲಿಸಿತು. ನೀರು ಅಸಲಿ ಇದ್ದಿರಬೇಕು.

ಎಲ್ಲ ಮುಗಿದ ಮೇಲೆ ಬರುವ ಮಾತು, 'ನಿಮ್ಮ ಡಾಕ್ಟರನ್ನು ಕೇಳಿ'. ಜನ ಕೇಳದೆ ಬಿಡುತ್ತಾರಾ? ಕುರ್ಚಿ ಎಳೆದು ಕೂರುವ ಮೊದಲೇ ಮಾತ್ರೆಯ ಹೆಸರು ಹೇಳುತ್ತಾರೆ.

"ಸರಿ, ನಿಮಗೆ ಕಾಯಿಲೆ ಏನು?"

"ಅದನ್ನ ನೀವೇ ನೋಡಿ ಹೇಳಬೇಕು ಡಾಕ್ಟ್ರೇ. ಮಾತ್ರೆ ನಾನು ಆರಿಸಿಯಾಗಿದೆ."