12 ಕಂತಿಗೇ ನಿಲ್ಲಿಸಿದರು

ಮೊನ್ನೆ ಲಂಡನ್ನಿನ ನಮ್ಮ ಆಫೀಸಿನಲ್ಲಿ ಊಟದ ಹೊತ್ತಿಗೆ ‘ಫಾಲ್ಟಿ ಟವರ್ಸ್’ ಎಂಬ ಹಳೇ ಇಂಗ್ಲಿಷ್ ಹಾಸ್ಯ ಧಾರಾವಾಹಿಯ ಮಾತು ಬಂತು. ಹೊಸದಾಗಿ ಸೇರಿದ ಹುಡುಗಿ ಒಂದು ಡೈಲಾಗ್ ಹೇಳಿದರೆ, ರಿಟೈರ್ ಆಗಲಿರುವ ಮ್ಯಾನೇಜರ್ ಮುಂದಿನದು ಹೇಳಿದರು. ಬಿಬಿಸಿಯಲ್ಲಿ ಅದು ಮೊದಲು ಬಂದಿದ್ದು 1975ರಲ್ಲಿ! ನನಗೆ ಖುಷಿಯ ಜೊತೆಗೆ ಹೊಟ್ಟೆಕಿಚ್ಚೂ ಆಯ್ತು.

ಇರೋದೇ 12 ಕಂತು. 1975ರಲ್ಲಿ ಆರು, 1979ರಲ್ಲಿ ಆರು. ಟಾರ್ಕಿ ಎಂಬ ಕಡಲೂರಿನ ಹೋಟೆಲ್, ಸಿಡುಕ ಮಾಲೀಕ ಬೇಸಿಲ್, ಅವನನ್ನು ಗದರುವ ಹೆಂಡತಿ ಸಿಬಿಲ್, ಇಂಗ್ಲಿಷ್ ಅರ್ಥವಾಗದ ಸಪ್ಲೈಯರ್ ಮಾನ್ಯುಯೆಲ್, ಎಲ್ಲವನ್ನೂ ಸಂಭಾಳಿಸುವ ಪಾಲಿ. ಜಾನ್ ಕ್ಲೀಸ್, ಕಾನಿ ಬೂತ್ ಸೇರಿ ಬರೆದರು, ನಟಿಸಿದರು. ಒಂದು ಕಂತಿನಲ್ಲಿ ಮದುವೆಯ ವಾರ್ಷಿಕೋತ್ಸವದ ದಿನವೇ ಸಿಬಿಲ್ ಮುನಿಸಿಕೊಂಡು ಹೊರಟುಹೋಗುತ್ತಾಳೆ. ಬಂದ ಸ್ನೇಹಿತರಿಗೆ ಬೇಸಿಲ್, ಅವಳಿಗೆ ಹುಷಾರಿಲ್ಲ ಅನ್ನುತ್ತಾನೆ. ಆ ಸುಳ್ಳು ಮುಚ್ಚಲು ಪಾಲಿಗೆ ವಿಗ್ ಹಾಕಿ ಹಾಸಿಗೆಯಲ್ಲಿ ಮಲಗಿಸುತ್ತಾನೆ. ಅರ್ಧ ಗಂಟೆಯಲ್ಲಿ ಒಂದು ಮಾತೂ ಸುಮ್ನೆ ಬಂದಿಲ್ಲ. ಜನ ಇನ್ನೂ ಬೇಕು ಅಂದರೂ ಇವರು ನಿಲ್ಲಿಸಿಬಿಟ್ಟರು. ಅದಕ್ಕೇ ಅದು ಹಳಸಿಲ್ಲ.

ನಮ್ಮಲ್ಲಿ? ಊರಿಗೆ ಹೋದಾಗ ನಾನು ಹೊಟ್ಟೆ ಹುಣ್ಣಾಗುವಷ್ಟು ನಕ್ಕ ಒಂದು ಧಾರಾವಾಹಿ ಏನಾಯ್ತು ಅಂತ ಅಮ್ಮನನ್ನು ಕೇಳಿದೆ. “ಅಯ್ಯೋ, ಎಳೀತಾನೇ ಇದಾರೆ ಕಣೋ” ಅಂದರು. ದಿನಾ ಒಂದು ಕಂತು ಬೇಕೆಂದರೆ ಯಾರು ತಾನೇ ನಗು ಹುಟ್ಟಿಸಲು ಸಾಧ್ಯ? ಮೊದಲ ತಿಂಗಳ ಮಾತಿನ ಚುರುಕು ಹೋಗಿ, ಆಮೇಲೆ ಬರೀ ಮುಖದ ಕ್ಲೋಸಪ್ಪು, ಹಿನ್ನೆಲೆ ಸದ್ದು. ಗಲ್ಲಾ ಮೇಲಿನ ಯಜಮಾನ, ಟೋಕನ್ ಜಗಳ, ಎರಡನೇ ಸಲ ಸಾಂಬಾರ್ ಕೇಳುವ ಗಿರಾಕಿ: ಒಂದು ದರ್ಶಿನಿಯಲ್ಲೇ 12 ಕಂತಿನ ಸರಕಿದೆ, ಅಲ್ವಾ? ನಮಗೆ ಬಾರದ ಕೆಲಸವೇನಲ್ಲ. ಆಗುಂಬೆಯಲ್ಲಿ ಶಂಕರ್ ನಾಗ್ ‘ಮಾಲ್ಗುಡಿ ಡೇಸ್’ ಮಾಡಿದಾಗ ಕಥೆ ಎಷ್ಟಿತ್ತೋ ಅಷ್ಟೇ ತೋರಿಸಿದರು.

ಒಂದು ಮಾತು ಒಪ್ಪಬೇಕು. ಮಾನ್ಯುಯೆಲ್‌ಗೆ ಬೀಳುವ ಏಟು ಹೊರಗಿನಿಂದ ಬಂದ ನನಗೆ ಈಗ ಚುಚ್ಚುತ್ತದೆ. ಅವನ ಭಾಷೆಯೇ ಅಲ್ಲಿ ತಮಾಷೆ. ಇನ್ನೊಂದು, ಬಿಬಿಸಿ ನಡೆಯುವುದು ಮನೆಮನೆಯಿಂದ ಬರುವ ಲೈಸೆನ್ಸ್ ಶುಲ್ಕದಲ್ಲಿ. ನಮ್ಮ ಚಾನೆಲ್‌ಗಳಿಗೆ ಜಾಹೀರಾತೇ ಗತಿ. ಧಾರಾವಾಹಿ ನಿಂತರೆ ಎಷ್ಟೋ ಕಲಾವಿದರ, ಲೈಟ್‌ಬಾಯ್‌ಗಳ ಸಂಬಳವೂ ನಿಲ್ಲುತ್ತದೆ. ಅಮ್ಮ ಕೂಡ ಬೈಯುತ್ತಲೇ ದಿನಾ ನೋಡುತ್ತಾರೆ. ಮನೆಯಲ್ಲಿ ಒಬ್ಬರೇ ಇರುವ ಅವರಿಗೆ ಸಂಜೆ ಅದೇ ಜೊತೆ.